ಬ್ರಿಜಿಡ್ ಹೆಸರಿನ ಅರ್ಥವೇನು? ಐರ್ಲೆಂಡಿನ ದೇವತೆಗೂ ನಮ್ಮ 'ಬೃಹತ್' ಪದಕ್ಕೂ ಇರುವ ನಂಟು ಗೊತ್ತೇ?

ಶ್ರೀಕಾರ್ಯಂ (ತಿರುವನಂತಪುರ): ಹೆಣ್ಣು ಮಗು ಹುಟ್ಟಿತು ಎಂದರೆ ಮನೆಯವರೆಲ್ಲ ಮೊಬೈಲ್ ಹಿಡಿದು ಹೆಸರು ಹುಡುಕಲು ಶುರು ಮಾಡುತ್ತಾರೆ. ಹೆಸರು ಚಿಕ್ಕದಿರಬೇಕು, ಕೇಳಲು ಹೊಸದಾಗಿರಬೇಕು, ಅರ್ಥವೂ ಚೆನ್ನಾಗಿರಬೇಕು. ವಿದೇಶದಲ್ಲಿರುವ ಕುಟುಂಬವಾದರೆ ಇನ್ನೊಂದು ಷರತ್ತು ಸೇರಿಕೊಳ್ಳುತ್ತದೆ: ಅಲ್ಲಿನವರ ಬಾಯಲ್ಲೂ ಸುಲಭವಾಗಿ ಹೊರಳಬೇಕು, ಊರಿನಲ್ಲಿರುವ ಅಜ್ಜಿಗೂ ಕರೆಯಲು ಬರಬೇಕು.

ಐರ್ಲೆಂಡಿನಲ್ಲಿ ನೆಲೆಸಿರುವ ಭಾರತೀಯರಿಗೆ ಇದು ದಿನನಿತ್ಯದ ಪ್ರಶ್ನೆ. 2022ರ ಅಲ್ಲಿನ ಜನಗಣತಿಯ ಪ್ರಕಾರ ಆ ದೇಶದಲ್ಲಿ 45 ಸಾವಿರಕ್ಕೂ ಹೆಚ್ಚು ಭಾರತೀಯ ನಾಗರಿಕರಿದ್ದಾರೆ. ಕೇರಳದಿಂದ ಹೋದ ನರ್ಸ್‌ಗಳು, ಬೆಂಗಳೂರಿನಿಂದ ಹೋದ ಸಾಫ್ಟ್‌ವೇರ್ ಉದ್ಯೋಗಿಗಳು, ಕರ್ನಾಟಕದ ವೈದ್ಯರು ಎಲ್ಲರೂ ಇದರಲ್ಲಿ ಸೇರಿದ್ದಾರೆ. ಟೆಕ್ನೋಪಾರ್ಕ್‌ಗೆ ಹತ್ತಿರವಿರುವ ಶ್ರೀಕಾರ್ಯಂನಂಥ ಬಡಾವಣೆಗಳಲ್ಲಿ ಡಬ್ಲಿನ್ ಎಂಬ ಹೆಸರು ಈಗ ಯಾರಿಗೂ ಹೊಸದಲ್ಲ.

ಅಲ್ಲಿನ ಹೆಸರುಗಳಲ್ಲಿ ಎಲ್ಲಕ್ಕಿಂತ ಹಳೆಯ ಕಥೆ ಇರುವುದು 'ಬ್ರಿಜಿಡ್' ಹೆಸರಿಗೆ. ನಾವು 'ಬ್ರಿಜೆಟ್' ಎಂದು ಇಂಗ್ಲಿಷ್ ಸಿನಿಮಾಗಳಲ್ಲಿ, 'ಬ್ರಿಜಿತಾ' ಎಂದು ಕರಾವಳಿಯಲ್ಲಿ ಕೇಳುವ ಹೆಸರು ಇದೇ. ಆದರೆ ಮಕ್ಕಳ ಹೆಸರಿನ ವೆಬ್‌ಸೈಟ್‌ಗಳಲ್ಲಿ ಇದರ ಅರ್ಥ ಹುಡುಕಿದರೆ ಅನೇಕ ಕಡೆ 'ಬೆಂಕಿಯ ಬಾಣ' ಎಂದು ಬರುತ್ತದೆ. ಕೇಳಲು ಸೊಗಸಾಗಿದೆ, ಆದರೆ ಅದು ಸರಿಯಲ್ಲ. ನಿಜವಾದ ಅರ್ಥ ತಿಳಿಯಲು ಕನ್ನಡಿಗರು ದೂರ ಹೋಗಬೇಕಾಗಿಯೂ ಇಲ್ಲ. ಬನ್ನಿ, ಈ ಹೆಸರಿನ ಅರ್ಥ, ಪುರಾಣ ಮತ್ತು ಪಯಣವನ್ನು ತಿಳಿಯೋಣ.

'ಬೆಂಕಿಯ ಬಾಣ' ಎಂಬ ಅರ್ಥ ಎಲ್ಲಿಂದ ಬಂತು?

ಈ ಅರ್ಥಕ್ಕೆ ಸುಮಾರು 1,100 ವರ್ಷಗಳ ಇತಿಹಾಸವಿದೆ. ಐರ್ಲೆಂಡಿನ ದಕ್ಷಿಣ ಭಾಗದ ಮನ್‌ಸ್ಟರ್ ಪ್ರಾಂತ್ಯದಲ್ಲಿ ಕಾರ್ಮಾಕ್ ಎಂಬ ದೊರೆ ಇದ್ದ. ಆತ ಬಿಷಪ್ ಕೂಡ ಆಗಿದ್ದ. 908ರಲ್ಲಿ ಯುದ್ಧದಲ್ಲಿ ತೀರಿಕೊಂಡ. ಹಳೆಯ ಐರಿಷ್ ಪದಗಳಿಗೆ ಅರ್ಥ ಹೇಳುವ ಒಂದು ನಿಘಂಟು ಆತನ ಹೆಸರಿನಲ್ಲಿದೆ. ಅದರಲ್ಲಿ ಬ್ರಿಜಿಡ್ ಹೆಸರನ್ನು ಎರಡು ತುಂಡು ಮಾಡಿ, ಮೊದಲನೆಯದಕ್ಕೆ ಬೆಂಕಿ ಎಂದೂ ಎರಡನೆಯದಕ್ಕೆ ಬಾಣ ಎಂದೂ ಅರ್ಥ ಕೊಡಲಾಗಿದೆ.

ಪದವನ್ನು ಬಿಡಿಸಿ ಪ್ರತಿ ತುಂಡಿಗೂ ಒಂದು ಅರ್ಥ ಕೊಡುವ ಪದ್ಧತಿ ನಮಗೂ ಹೊಸದಲ್ಲ. ಸ್ಥಳಪುರಾಣಗಳಲ್ಲಿ ಊರಿನ ಹೆಸರಿಗೆ ಕಥೆ ಕಟ್ಟುವುದನ್ನು ನೆನಪಿಸಿಕೊಳ್ಳಿ. ಬೆಂದ ಕಾಳು ಕೊಟ್ಟ ಊರು ಬೆಂಗಳೂರಾಯಿತು ಎಂಬ ಕಥೆ ಎಲ್ಲರಿಗೂ ಗೊತ್ತು. ಆದರೆ ಆ ಕಥೆಯ ರಾಜ ವೀರಬಲ್ಲಾಳನ ಕಾಲಕ್ಕಿಂತ ಹಿಂದಿನ ಬೇಗೂರಿನ ಶಾಸನದಲ್ಲೇ 'ಬೆಂಗಳೂರು' ಎಂಬ ಹೆಸರಿದೆ. ಬ್ರಿಜಿಡ್ ಹೆಸರಿನ 'ಬೆಂಕಿಯ ಬಾಣ' ಕೂಡ ಅದೇ ಜಾತಿಯದು. ಕಥೆಯಾಗಿ ಚಂದ, ಭಾಷೆಯ ಇತಿಹಾಸವಾಗಿ ಅಲ್ಲ.

ನಿಜವಾದ ಅರ್ಥ: 'ಎತ್ತರದವಳು'

ಭಾಷಾತಜ್ಞರು ಒಪ್ಪುವ ಅರ್ಥ 'ಎತ್ತರದವಳು', 'ಉನ್ನತಳು', 'ಮಹಾಮಹಿಮಳು'. ಐರಿಷ್ ಭಾಷೆ ಸೇರಿರುವ ಕೆಲ್ಟಿಕ್ ಕುಟುಂಬದ ಮೂಲರೂಪದಲ್ಲಿ ಈ ಹೆಸರು 'ಬ್ರಿಗಂತೀ' ಎಂದಿತ್ತು. ಇದಕ್ಕೆ ನೇರವಾಗಿ ಹೊಂದುವ ಸಂಸ್ಕೃತ ಪದ 'ಬೃಹತೀ'. ಅಂದರೆ 'ಬೃಹತ್' ಎಂಬುದರ ಸ್ತ್ರೀಲಿಂಗ ರೂಪ.

ಹೌದು, ಬೃಹತ್ ಕೈಗಾರಿಕೆ, ಬೃಹತ್ ಸಮಾವೇಶ ಎಂದು ನಾವು ಸುದ್ದಿಯಲ್ಲಿ ದಿನವೂ ಬಳಸುವ ಅದೇ ಪದ. ತಂಜಾವೂರಿನ ಬೃಹದೀಶ್ವರನ ಹೆಸರಿನಲ್ಲಿ ಇರುವುದೂ ಅದೇ.

ಇಲ್ಲಿ ಒಂದು ಸ್ಪಷ್ಟನೆ ಬೇಕು. ಕನ್ನಡ ದ್ರಾವಿಡ ಭಾಷೆ, ಐರಿಷ್ ಜೊತೆಗೆ ಅದಕ್ಕೆ ರಕ್ತಸಂಬಂಧ ಇಲ್ಲ. 'ಬೃಹತ್' ನಮಗೆ ಸಂಸ್ಕೃತದಿಂದ ಬಂದ ಪದ. ಸಂಸ್ಕೃತ, ಐರಿಷ್, ಲ್ಯಾಟಿನ್, ಗ್ರೀಕ್ ಇವೆಲ್ಲ ಇಂಡೋ-ಯುರೋಪಿಯನ್ ಎಂಬ ಒಂದೇ ಭಾಷಾಕುಟುಂಬಕ್ಕೆ ಸೇರಿವೆ. 1786ರಲ್ಲಿ ಕಲ್ಕತ್ತಾದಲ್ಲಿ ಮಾಡಿದ ಭಾಷಣದಲ್ಲಿ ವಿಲಿಯಂ ಜೋನ್ಸ್ ಈ ನಂಟಿನ ಬಗ್ಗೆ ಹೇಳಿದ್ದರು. ಸಂಸ್ಕೃತ, ಗ್ರೀಕ್, ಲ್ಯಾಟಿನ್ ಜೊತೆಗೆ ಕೆಲ್ಟಿಕ್ ಕೂಡ ಅದೇ ಮೂಲದ್ದಿರಬಹುದು ಎಂದು ಅವರು ಊಹಿಸಿದ್ದರು. ಆ ಊಹೆ ಮುಂದೆ ನಿಜವೆಂದು ಸಾಬೀತಾಯಿತು.

'ಗ' ಮತ್ತು 'ಹ' ಹೇಗೆ ಹೊಂದುತ್ತವೆ?

'ಬ್ರಿಗಂತೀ'ಯಲ್ಲಿ 'ಗ' ಇದೆ, 'ಬೃಹತೀ'ಯಲ್ಲಿ 'ಹ' ಇದೆ, ಇವೆರಡೂ ಒಂದೇ ಹೇಗೆ ಎಂದು ನೀವು ಕೇಳಬಹುದು. ಮೂಲಭಾಷೆಯ ಒಂದೇ ಧ್ವನಿ ಸಂಸ್ಕೃತದಲ್ಲಿ 'ಹ' ಆಗಿ, ಐರಿಷ್‌ನಲ್ಲಿ 'ಗ' ಆಗಿ ಉಳಿದುಕೊಂಡಿತು. ಇದು ಒಂದೇ ಪದದಲ್ಲಿ ಆದದ್ದಲ್ಲ.

* ಸಂಸ್ಕೃತದ 'ಹಂಸ' ಪದಕ್ಕೆ ಹೊಂದುವ ಹಳೆಯ ಐರಿಷ್ ಪದ 'ಗೇಶ್'. ಅರ್ಥವೂ ಹಂಸವೇ.
* ಸಂಸ್ಕೃತದ 'ಹಿಮ' ಪದಕ್ಕೆ ಹೊಂದುವ ಹಳೆಯ ಐರಿಷ್ ಪದ 'ಗಾಮ್'. ಅದರ ಅರ್ಥ ಚಳಿಗಾಲ.

ನಮ್ಮಲ್ಲೂ ಇಂಥ ನಿಯಮವಿದೆ. ಹಳಗನ್ನಡದ 'ಪಾಲ್' ಹೊಸಗನ್ನಡದಲ್ಲಿ 'ಹಾಲು' ಆಯಿತು, 'ಪೂ' ಎಂಬುದು 'ಹೂವು' ಆಯಿತು. ಮಲಯಾಳದಲ್ಲಿ ಈಗಲೂ 'ಪಾಲ್', 'ಪೂವ್' ಎಂದೇ ಹೇಳುತ್ತಾರೆ. ಎರಡು ಭಾಷೆಗಳ ನಡುವೆ ಧ್ವನಿ ಹೀಗೆ ಕ್ರಮಬದ್ಧವಾಗಿ ಬದಲಾದರೆ ಅದು ಕಾಕತಾಳೀಯವಲ್ಲ, ನೆಂಟಸ್ತಿಕೆಯ ಗುರುತು.

ಅಂದಹಾಗೆ, ಭಾರತದಲ್ಲಿ 'ಬೃಹತೀ' ಪದಕ್ಕೆ ಹಲವು ಬದುಕುಗಳಿವೆ. ಋಗ್ವೇದದಲ್ಲಿ ಬೆಳಗಿನ ದೇವತೆ ಉಷೆಗೆ ಈ ವಿಶೇಷಣ ಬಳಕೆಯಾಗಿದೆ. ವೈದಿಕ ಛಂದಸ್ಸಿನಲ್ಲಿ 36 ಅಕ್ಷರಗಳ ಛಂದಸ್ಸಿನ ಹೆಸರು ಬೃಹತೀ. ಆಯುರ್ವೇದದ ದಶಮೂಲಗಳಲ್ಲಿ ಬದನೆಯ ಕುಲಕ್ಕೆ ಸೇರಿದ ಒಂದು ಗಿಡದ ಹೆಸರೂ ಬೃಹತಿ.

ಮೂವರು ಅಕ್ಕತಂಗಿಯರು, ಒಂದೇ ಹೆಸರು

ಕಾರ್ಮಾಕನ ನಿಘಂಟು ಹೆಸರಿನ ಅರ್ಥದಲ್ಲಿ ಎಡವಿದರೂ, ದೇವತೆಯ ಬಗ್ಗೆ ನಮಗೆ ಸಿಗುವ ಮುಖ್ಯ ಮಾಹಿತಿ ಅದರಲ್ಲೇ ಇದೆ. ಬ್ರಿಜಿಡ್ ದೇವತೆಗಳ ಹಿರಿಯ ಡಾಗ್ಡಾನ ಮಗಳು. ಕವಿಗಳು ಅವಳನ್ನು ಪೂಜಿಸುತ್ತಿದ್ದರು. ಅವಳಿಗೆ ಇಬ್ಬರು ಸೋದರಿಯರು, ಅವರ ಹೆಸರೂ ಬ್ರಿಜಿಡ್. ಒಬ್ಬಳು ವೈದ್ಯಕೀಯದ ದೇವತೆ, ಇನ್ನೊಬ್ಬಳು ಕಮ್ಮಾರಿಕೆಯ ದೇವತೆ.

ನಮ್ಮ ಲೆಕ್ಕದಲ್ಲಿ ಹೇಳುವುದಾದರೆ ಸರಸ್ವತಿ, ಧನ್ವಂತರಿ, ವಿಶ್ವಕರ್ಮ ಮೂವರ ಕೆಲಸವೂ ಒಂದೇ ಹೆಸರಿನ ಕೆಳಗೆ ಬಂದಂತೆ. ಕವಿತೆ, ಔಷಧ, ಕುಲುಮೆ ಈ ಮೂರೂ ಕೈಗೆ ಬರಬೇಕಾದರೆ ಕಲಿಕೆ ಬೇಕು, ಗುರು ಬೇಕು. ಹಳೆಯ ಐರ್ಲೆಂಡಿನ ಸಮಾಜದಲ್ಲಿ ಈ ಮೂವರು ಕಸಬುದಾರರಿಗೂ ದೊಡ್ಡ ಗೌರವವಿತ್ತು.

ಮಗನಿಗಾಗಿ ಅತ್ತ ತಾಯಿ

ಈ ದೇವತೆಯ ಪುರಾಣಗಳಲ್ಲಿ ಮನಸ್ಸಿಗೆ ತಟ್ಟುವ ಕಥೆ 'ಮಾಯ್‌ಟುರಾದ ಎರಡನೇ ಯುದ್ಧ'ದಲ್ಲಿದೆ. ದೇವತೆಗಳ ಕುಲವಾದ 'ತುವಾ ಡೇ ಡಾನನ್' ಮತ್ತು ಅವರ ವೈರಿಗಳಾದ 'ಫೊಮೊರಿ'ಗಳ ನಡುವಿನ ಯುದ್ಧದ ಕಥೆ ಇದು. ನಮ್ಮ ದೇವಾಸುರರ ಯುದ್ಧ ನೆನಪಾದರೆ ತಪ್ಪಿಲ್ಲ. ಇಲ್ಲೂ ಎರಡು ಕುಲಗಳ ನಡುವೆ ಮದುವೆ ಸಂಬಂಧಗಳಿವೆ.

ಕಥೆಯಲ್ಲಿ ಅವಳ ಹೆಸರು ಬ್ರೀಗ್. ಅವಳ ಗಂಡ ಬ್ರೆಸ್. ಅವನ ತಂದೆ ಫೊಮೊರಿ ಕುಲದವನು. ಇವರ ಮಗ ರುವಾಡಾನ್. ಯುದ್ಧದಲ್ಲಿ ಮಗ ತಂದೆಯ ಪಕ್ಷದಲ್ಲಿ ನಿಲ್ಲುತ್ತಾನೆ. ದೇವತೆಗಳ ಶಸ್ತ್ರಾಗಾರದ ಗುಟ್ಟು ತಿಳಿಯಲು ಅವನನ್ನು ಕಳುಹಿಸಲಾಗುತ್ತದೆ. ದೇವತೆಗಳ ಕಮ್ಮಾರ ಗೊಬ್ನುವಿನ ಕುಲುಮೆಗೆ ಹೋಗಿ, ಅಲ್ಲೇ ತಯಾರಾದ ಈಟಿಯಿಂದ ಅವನಿಗೇ ತಿವಿಯುತ್ತಾನೆ. ಗಾಯಗೊಂಡ ಗೊಬ್ನು ಅದೇ ಈಟಿಯನ್ನು ಕಿತ್ತು ಎಸೆಯುತ್ತಾನೆ. ರುವಾಡಾನ್ ಸಾಯುತ್ತಾನೆ.

ತಾಯಿ ಬಂದು ಮಗನ ಹೆಣದ ಮುಂದೆ ಗೋಳಾಡುತ್ತಾಳೆ. ಐರ್ಲೆಂಡಿನಲ್ಲಿ ಸಾವಿಗಾಗಿ ಅಳುವ ಧ್ವನಿ ಮೊದಲ ಬಾರಿ ಕೇಳಿದ್ದು ಅಂದೇ ಎನ್ನುತ್ತದೆ ಕಥೆ. ತವರಿನ ಕಮ್ಮಾರನ ಕೈಯಲ್ಲಿ ಮಗನನ್ನು ಕಳೆದುಕೊಂಡವಳು ಯಾರ ಪಕ್ಷ ಹಿಡಿಯಬೇಕು? ಕಥೆ ಅದಕ್ಕೆ ಉತ್ತರ ಕೊಡುವುದಿಲ್ಲ. ಸತ್ತವರ ಗುಣ ಹೇಳಿ ಹಾಡಿಕೊಂಡು ಅಳುವ ಪದ್ಧತಿ ಐರ್ಲೆಂಡಿನ ಹೆಂಗಸರಲ್ಲಿ ಬಹುಕಾಲ ಇತ್ತು. ನಮ್ಮ ಹಳ್ಳಿಗಳಲ್ಲೂ ಅದನ್ನು ಕಂಡವರಿದ್ದಾರೆ.

ದೇವತೆಯಿಂದ ಸಂತಳವರೆಗೆ

ಈಗ ಅದೇ ಹೆಸರಿನ ಸಂತಳ ಕಥೆ. ಕ್ರೈಸ್ತ ಸಂಪ್ರದಾಯದ ಪ್ರಕಾರ ಸಂತ ಬ್ರಿಜಿಡ್ ಹುಟ್ಟಿದ್ದು ಸುಮಾರು 451ರಲ್ಲಿ, ಈಗಿನ ಲೌತ್ ಕೌಂಟಿಯ ಫಾಹರ್ಟ್‌ನಲ್ಲಿ. ತಂದೆ ಒಬ್ಬ ಪಾಳೆಯಗಾರ, ತಾಯಿ ಆತನ ಮನೆಯ ದಾಸಿ. ಬ್ರಿಜಿಡ್ ಮುಂದೆ ಕಿಲ್ಡೇರ್ ಎಂಬಲ್ಲಿ ಮಠ ಕಟ್ಟಿದಳು. ಊರಿನ ಹೆಸರಿನ ಅರ್ಥ 'ಓಕ್ ಮರದ ಚರ್ಚ್'. ಸುಮಾರು 525ರಲ್ಲಿ ತೀರಿಕೊಂಡಳು. ಕೊಗಿಟೋಸಸ್ ಎಂಬ ಸನ್ಯಾಸಿ 7ನೇ ಶತಮಾನದಲ್ಲಿ ಅವಳ ಚರಿತ್ರೆ ಬರೆದ.

ಸಂತಳ ಹುಟ್ಟಿನ ಕಥೆ ಓದಿದರೆ ಕನ್ನಡಿಗರಿಗೆ ತಕ್ಷಣ ನರಸಿಂಹಾವತಾರ ನೆನಪಾಗುತ್ತದೆ. ಸೂರ್ಯ ಹುಟ್ಟುವ ಹೊತ್ತು. ತಾಯಿ ಹಾಲಿನ ಪಾತ್ರೆ ಹಿಡಿದು ಮನೆಯೊಳಗೆ ಬರುತ್ತಿದ್ದಾಳೆ. ಒಂದು ಕಾಲು ಹೊಸ್ತಿಲಿನ ಒಳಗೆ, ಇನ್ನೊಂದು ಹೊರಗೆ. ಆ ಕ್ಷಣದಲ್ಲೇ ಮಗು ಹುಟ್ಟುತ್ತದೆ. ಹಗಲೂ ಅಲ್ಲ ರಾತ್ರಿಯೂ ಅಲ್ಲ, ಒಳಗೂ ಅಲ್ಲ ಹೊರಗೂ ಅಲ್ಲ. ನಮ್ಮಲ್ಲಿ ಹೊಸ್ತಿಲ ಮೇಲೆ ಹಿರಣ್ಯಕಶಿಪುವಿನ ಸಾವು, ಅಲ್ಲಿ ಹೊಸ್ತಿಲ ಮೇಲೆ ಸಂತಳ ಹುಟ್ಟು.

ಇನ್ನುಳಿದ ಕಥೆಗಳೆಲ್ಲ ಕೊಡುಗೈಯ ಕಥೆಗಳು. ಮನೆಯ ಬೆಣ್ಣೆಯನ್ನು ಬಡವರಿಗೆ ಹಂಚುತ್ತಾಳೆ, ಡಬ್ಬಿ ಮತ್ತೆ ತುಂಬುತ್ತದೆ. ತಂದೆಯ ಬೆಲೆಬಾಳುವ ಕತ್ತಿಯನ್ನು ಕುಷ್ಠರೋಗಿಯೊಬ್ಬನಿಗೆ ಕೊಟ್ಟುಬಿಡುತ್ತಾಳೆ. ಮಠಕ್ಕೆ ಜಾಗ ಕೇಳಿದಾಗ ರಾಜ 'ನಿನ್ನ ಮೇಲುಹೊದಿಕೆ ಮುಚ್ಚುವಷ್ಟು ತೆಗೆದುಕೋ' ಎನ್ನುತ್ತಾನೆ. ಹೊದಿಕೆ ಹಾಸಿದರೆ ಅದು ಇಡೀ ಬಯಲನ್ನೇ ಮುಚ್ಚುತ್ತದೆ. ಬಲಿಯ ಮುಂದೆ ಮೂರು ಹೆಜ್ಜೆ ಜಾಗ ಕೇಳಿದ ವಾಮನನ ಕಥೆಯನ್ನು ಓಣಂ ನಾಡಿನಲ್ಲಿ ಯಾರಿಗೂ ಹೇಳಿಕೊಡಬೇಕಿಲ್ಲ.

ಹಾಗಾದರೆ ದೇವತೆಯೇ ಸಂತಳಾದಳೇ? ಈ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಬ್ರಿಜಿಡ್ ಎಂಬ ಮಠಾಧಿಪತಿ ನಿಜವಾಗಿ ಇದ್ದಳು, ದೇವತೆಯ ಕಥೆಗಳು ಅವಳಿಗೆ ಅಂಟಿಕೊಂಡವು ಎನ್ನುವವರಿದ್ದಾರೆ. ದೇವತೆಗೇ ಸಂತಳ ಉಡುಗೆ ತೊಡಿಸಲಾಯಿತು ಎನ್ನುವವರೂ ಇದ್ದಾರೆ. ಸಂತಳ ಹಬ್ಬ ಫೆಬ್ರವರಿ 1ರಂದು ಬರುತ್ತದೆ. ಅದೇ ದಿನ ಹಳೆಯ ಕೆಲ್ಟಿಕ್ ಪಂಚಾಂಗದ ವಸಂತಾರಂಭ 'ಇಂಬೋಲ್ಕ್' ಕೂಡ ಹೌದು.

ಕಿಲ್ಡೇರ್‌ನ ಆರದ ಬೆಂಕಿ

12ನೇ ಶತಮಾನದ ಕೊನೆಯಲ್ಲಿ ಐರ್ಲೆಂಡಿಗೆ ಬಂದ ಜೆರಾಲ್ಡ್ ಆಫ್ ವೇಲ್ಸ್ ಎಂಬ ಪಾದ್ರಿ ಕಿಲ್ಡೇರ್‌ನ ಬೆಂಕಿಯ ಬಗ್ಗೆ ಬರೆದಿದ್ದಾನೆ. 19 ಸನ್ಯಾಸಿನಿಯರು ಸರದಿಯಂತೆ ಒಂದೊಂದು ರಾತ್ರಿ ಬೆಂಕಿ ಕಾಯುತ್ತಿದ್ದರು. 20ನೇ ರಾತ್ರಿ ಕಾಯುವ ಸರದಿ ಸ್ವತಃ ಬ್ರಿಜಿಡ್‌ಳದು. ಸುತ್ತಲಿನ ಬೇಲಿಯನ್ನು ಗಂಡಸರು ದಾಟುವಂತಿರಲಿಲ್ಲ. ನಮ್ಮ ದೇವಸ್ಥಾನಗಳ ನಂದಾದೀಪ ಕಂಡವರಿಗೆ ಇದು ವಿಚಿತ್ರ ಅನಿಸಲಾರದು.

16ನೇ ಶತಮಾನದಲ್ಲಿ ಇಂಗ್ಲೆಂಡಿನ ದೊರೆ ಮಠಗಳನ್ನು ಮುಚ್ಚಿಸಿದ ಕಾಲದಲ್ಲಿ ಆ ಬೆಂಕಿ ಆರಿತು. 1993ರಲ್ಲಿ ಬ್ರಿಜಿಡೈನ್ ಸಹೋದರಿಯರು ಎಂಬ ಕ್ರೈಸ್ತ ಸನ್ಯಾಸಿನಿಯರ ಸಂಘ ಕಿಲ್ಡೇರ್‌ನಲ್ಲಿ ಅದನ್ನು ಮತ್ತೆ ಹೊತ್ತಿಸಿತು. 2006ರಿಂದ ಆ ಊರಿನ ಚೌಕದಲ್ಲೂ ಜ್ಯೋತಿಯೊಂದು ಉರಿಯುತ್ತಿದೆ.

ಮಕ್ಕಳಿಗೆ ಇಡಲು ಹೆದರುತ್ತಿದ್ದ ಹೆಸರು

ಹಳೆಯ ಐರ್ಲೆಂಡಿನಲ್ಲಿ ಈ ಹೆಸರನ್ನು ಹೆಣ್ಣುಮಕ್ಕಳಿಗೆ ಸಾಮಾನ್ಯವಾಗಿ ಇಡುತ್ತಿರಲಿಲ್ಲ. ಅಷ್ಟು ಪವಿತ್ರ ಎಂಬ ಭಾವನೆ. ಬದಲಿಗೆ 'ಬ್ರಿಜಿಡ್‌ಳ ಸೇವಕ' ಎಂಬರ್ಥದ ಹೆಸರುಗಳನ್ನು ಇಡುತ್ತಿದ್ದರು. ಕೃಷ್ಣದಾಸ, ದೇವಿದಾಸ ಇದ್ದ ಹಾಗೆ. ಇಂದಿನ 'ಮೆಕ್‌ಬ್ರೈಡ್' ಎಂಬ ಮನೆತನದ ಹೆಸರು ಅಲ್ಲಿಂದಲೇ ಬಂದದ್ದು. 17ನೇ ಶತಮಾನದ ನಂತರ ಬ್ರಿಜಿಡ್, ಬ್ರಿಜೆಟ್ ಮನೆಮನೆಯ ಹೆಸರಾಯಿತು.

ಆದರೆ ಜನಪ್ರಿಯತೆಯೇ ಮುಳುವಾಯಿತು. 1845ರಿಂದ 1852ರವರೆಗಿನ ಆಲೂಗಡ್ಡೆ ಬರಗಾಲದಲ್ಲಿ ಸುಮಾರು 10 ಲಕ್ಷ ಜನ ಸತ್ತರು, ಅಷ್ಟೇ ಪ್ರಮಾಣದ ಜನ ದೇಶ ಬಿಟ್ಟರು. ಅಮೆರಿಕಕ್ಕೆ ಹೋದ ಬಡ ಐರಿಷ್ ಹುಡುಗಿಯರಲ್ಲಿ ಅನೇಕರು ಮನೆಗೆಲಸಕ್ಕೆ ಸೇರಿದರು. ಅವರ ನಿಜವಾದ ಹೆಸರು ಏನೇ ಇರಲಿ, ಕೆಲಸದವಳನ್ನು 'ಬ್ರಿಜೆಟ್' ಅಥವಾ 'ಬಿಡಿ' ಎಂದು ಕರೆಯುವುದು ಅಲ್ಲಿ ರೂಢಿಯಾಯಿತು. ಪತ್ರಿಕೆಗಳ ವ್ಯಂಗ್ಯಚಿತ್ರಗಳಲ್ಲೂ ಅದೇ ಹೆಸರು. 'ಎತ್ತರದವಳು' ಎಂಬ ಅರ್ಥದ ಹೆಸರು ಬೈಗುಳವಾಯಿತು. ಅವಮಾನ ತಪ್ಪಿಸಿಕೊಳ್ಳಲು ಎಷ್ಟೋ ಹುಡುಗಿಯರು ಹೆಸರನ್ನೇ ಬದಲಿಸಿಕೊಂಡರು. ಜಾತಿ, ಊರು, ಕೆಲಸ ಗೊತ್ತಾಗಿಬಿಡುತ್ತದೆ ಎಂದು ಹೆಸರು ಬದಲಿಸಿಕೊಂಡವರು ನಮ್ಮ ನಡುವೆಯೂ ಇದ್ದಾರಲ್ಲವೇ?

2023ರಿಂದ ಐರ್ಲೆಂಡಿನಲ್ಲಿ ಬ್ರಿಜಿಡ್ ಹಬ್ಬಕ್ಕೆ ಸಾರ್ವಜನಿಕ ರಜೆ ಜಾರಿಗೆ ಬಂತು. ಸಂತ ಪ್ಯಾಟ್ರಿಕ್ ಹೆಸರಿನ ರಜೆ ಬಹಳ ಹಿಂದಿನಿಂದ ಇತ್ತು. ಮಹಿಳೆಯೊಬ್ಬಳ ಹೆಸರಿನಲ್ಲಿ ಆ ದೇಶದಲ್ಲಿ ರಜೆ ಸಿಕ್ಕಿದ್ದು ಇದೇ ಮೊದಲು. ಸಾಮಾನ್ಯವಾಗಿ ಫೆಬ್ರವರಿಯ ಮೊದಲ ಸೋಮವಾರ ಈ ರಜೆ ಬರುತ್ತದೆ. ಫೆಬ್ರವರಿ 1 ಶುಕ್ರವಾರ ಬಂದರೆ ಮಾತ್ರ ಅಂದೇ ರಜೆ. ಜೊಂಡುಹುಲ್ಲಿನಿಂದ ಹೆಣೆದ ಬ್ರಿಜಿಡ್ ಶಿಲುಬೆಯನ್ನು ಜನ ಬಾಗಿಲ ಮೇಲೆ ಕಟ್ಟುತ್ತಾರೆ. ಮನೆಗೆ ಬೆಂಕಿ ಬೀಳದಂತೆ ಅದು ಕಾಯುತ್ತದೆ ಎಂಬ ನಂಬಿಕೆ.

ನಮ್ಮ ಕರಾವಳಿಗೆ ಬಂದದ್ದು ಹೇಗೆ?

ಮಂಗಳೂರು, ಗೋವಾ, ಕೊಚ್ಚಿ ಭಾಗದ ಕ್ಯಾಥೋಲಿಕ್ ಕುಟುಂಬಗಳಲ್ಲಿ ಬ್ರಿಜಿತಾ, ಬ್ರಿಜಿತ್ ಎಂಬ ಹೆಸರುಗಳಿವೆ. ಇವು ಐರ್ಲೆಂಡಿನಿಂದ ನೇರವಾಗಿ ಬಂದವಲ್ಲ, ಯುರೋಪಿನ ಚರ್ಚ್ ಮೂಲಕ ಬಂದವು. ಪೋರ್ಚುಗೀಸರಲ್ಲಿ 'ಬ್ರಿಜಿದಾ' ಎಂಬ ಹೆಸರಿದೆ. ಸಂತ ಬ್ರಿಜಿಡ್‌ಳ ತಲೆಬುರುಡೆ ಎಂದು ನಂಬಲಾದ ಅವಶೇಷ ಲಿಸ್ಬನ್‌ನ ಲುಮಿಯಾರ್ ಚರ್ಚ್‌ನಲ್ಲಿದೆ. ಇದಲ್ಲದೆ 14ನೇ ಶತಮಾನದಲ್ಲಿ ಸ್ವೀಡನ್ನಿನಲ್ಲಿ ಬಿರ್ಗಿಟ್ಟಾ ಎಂಬ ಇನ್ನೊಬ್ಬ ಸಂತಳಿದ್ದಳು. ಅವಳ ಹೆಸರೂ ಐರಿಷ್ ಸಂತಳ ಹೆಸರಿನಿಂದಲೇ ಬಂದದ್ದು. ಹಾಗಾಗಿ ನಿಮ್ಮ ಊರಿನ ಬ್ರಿಜಿತಾ ಯಾವ ಸಂತಳ ಹೆಸರು ಹೊತ್ತಿದ್ದರೂ ಹೆಸರಿನ ಬೇರು ಒಂದೇ.

ಯಾವ ಭಾಷೆಯಲ್ಲಿ ಯಾವ ರೂಪ?

* ಇಂದಿನ ಐರಿಷ್: ಬ್ರೀದ್ (ನಡುವಿನ 'ಗ' ಉಚ್ಚಾರದಲ್ಲಿ ಕರಗಿಹೋಗಿದೆ)
* ಇಂಗ್ಲಿಷ್: ಬ್ರಿಜಿಡ್, ಬ್ರಿಜೆಟ್
* ಫ್ರೆಂಚ್: ಬ್ರಿಜಿತ್
* ಜರ್ಮನ್: ಬ್ರಿಗಿಟೆ
* ಸ್ವೀಡಿಷ್: ಬಿರ್ಗಿಟ್ಟಾ, ಬ್ರಿಟ್ಟಾ
* ಮುದ್ದಿನ ಹೆಸರುಗಳು: ಬ್ರೈಡಿ, ಬ್ರೀಡಾ, ಡೀಲಿಯಾ

ಅಲ್ಲಿಂದ ಇಲ್ಲಿಗೆ, ಇಲ್ಲಿಂದ ಅಲ್ಲಿಗೆ

ಐರ್ಲೆಂಡ್ ಮತ್ತು ಭಾರತದ ನಡುವೆ ಹೆಸರುಗಳು ಎರಡೂ ದಿಕ್ಕಿಗೆ ಪಯಣಿಸಿವೆ. ಅಲ್ಲಿನ ಡಂಗಾನನ್ ಊರಿನಲ್ಲಿ 1867ರ ಅಕ್ಟೋಬರ್ 28ರಂದು ಹುಟ್ಟಿದ ಮಾರ್ಗರೆಟ್ ನೋಬಲ್‌ಗೆ 1898ರ ಮಾರ್ಚ್ 25ರಂದು ಸ್ವಾಮಿ ವಿವೇಕಾನಂದರು 'ನಿವೇದಿತಾ' ಎಂಬ ಹೆಸರಿಟ್ಟರು. ಅರ್ಪಿತಳಾದವಳು ಎಂದು ಅರ್ಥ. ಇಂದು ಕರ್ನಾಟಕ, ಕೇರಳದ ಯಾವ ಶಾಲೆಗೆ ಹೋದರೂ ಒಬ್ಬ ನಿವೇದಿತಾ ಸಿಗಬಹುದು.

ಇತ್ತ ಕಡೆಯಿಂದ ಹೋದ ಒಂದು ಹೆಸರು ಐರ್ಲೆಂಡಿನ ಮನೆಮನೆಗೂ ತಲುಪಿದ್ದು ನೋವಿನಿಂದ. ಬೆಳಗಾವಿ ಮೂಲದ ದಂತವೈದ್ಯೆ ಸವಿತಾ ಹಾಲಪ್ಪನವರ್ 2012ರ ಅಕ್ಟೋಬರ್ 28ರಂದು ಗಾಲ್ವೇ ಆಸ್ಪತ್ರೆಯಲ್ಲಿ ಮೃತಪಟ್ಟರು. ಗರ್ಭ ಉಳಿಯುವುದಿಲ್ಲ ಎಂದು ಗೊತ್ತಾದ ಮೇಲೂ ಗರ್ಭಪಾತಕ್ಕೆ ಅವಕಾಶ ಸಿಕ್ಕಿರಲಿಲ್ಲ, ಸೋಂಕು ರಕ್ತಕ್ಕೆ ಏರಿತ್ತು. ಆಕೆ ಸತ್ತಾಗ ವಯಸ್ಸು 31. 2018ರ ಮೇ 25ರ ಜನಮತಗಣನೆಯಲ್ಲಿ ಶೇ 66.4ರಷ್ಟು ಮತದಾರರು ಗರ್ಭಪಾತ ನಿಷೇಧದ ಸಂವಿಧಾನದ ವಿಧಿ ತೆಗೆಯಲು ಒಪ್ಪಿದರು. 'ಸವಿತಾ' ಎಂದರೆ ಸೂರ್ಯ, ಗಾಯತ್ರಿ ಮಂತ್ರದ ದೇವತೆ. ಆ ಅರ್ಥ ಗೊತ್ತಿಲ್ಲದ ಲಕ್ಷಾಂತರ ಐರಿಷ್ ಜನರಿಗೂ ಆ ಹೆಸರು ಗೊತ್ತು.

ಹೆಸರಿಡುವ ಮುನ್ನ

'ಶ್ರೀಕಾರ್ಯ' ಎಂಬುದು ದಕ್ಷಿಣ ಭಾರತದಲ್ಲಿ ದೇವಸ್ಥಾನದ ಆಡಳಿತಕ್ಕೆ ಬಳಕೆಯಲ್ಲಿದ್ದ ಹಳೆಯ ಪದ. ಇಂದು ತಿರುವನಂತಪುರದಲ್ಲಿ ಅದು ಬಸ್ಸಿನ ಬೋರ್ಡಿನ ಮೇಲಿನ ಊರಿನ ಹೆಸರು ಮಾತ್ರ. ಹೆಸರುಗಳು ಹೀಗೆಯೇ. ದಿನಾ ಕರೆಯುತ್ತೇವೆ, ಒಳಗೇನಿದೆ ಎಂದು ನೋಡುವುದು ಅಪರೂಪ.

ಆದ್ದರಿಂದ ಹೆಸರಿನ ವೆಬ್‌ಸೈಟ್‌ನಲ್ಲಿ ಒಂದು ಸಾಲಿನ ಅರ್ಥ ಕಂಡರೆ ಅದನ್ನೇ ನಂಬಬೇಡಿ. ಹೆಸರು ಯಾವ ಭಾಷೆಯದು, ಆ ಭಾಷೆಯ ಒಳ್ಳೆಯ ನಿಘಂಟು ಏನು ಹೇಳುತ್ತದೆ, ಆ ಊರಿನವರು ಹೇಗೆ ಉಚ್ಚರಿಸುತ್ತಾರೆ ಎಂಬುದನ್ನು ನೋಡಿಕೊಳ್ಳಿ. ಜನನ ಪ್ರಮಾಣಪತ್ರದಲ್ಲಿ ಒಮ್ಮೆ ಅಚ್ಚಾದ ಹೆಸರನ್ನು ಬದಲಿಸುವುದು ಎಷ್ಟು ಓಡಾಟದ ಕೆಲಸ ಎಂದು ಅನುಭವಿಸಿದವರಿಗೇ ಗೊತ್ತು.

ಡಬ್ಲಿನ್‌ನಲ್ಲಿರುವ ಕನ್ನಡದ ಮನೆಯೊಂದು ಎರಡೂ ನೆಲಕ್ಕೆ ಹೊಂದುವ ಹೆಸರು ಹುಡುಕುತ್ತಿದ್ದರೆ 'ಬೃಹತಿ' ಇದೆ. ಅಜ್ಜಿಗೆ ಅದು ಸಂಸ್ಕೃತದ ಹೆಸರು, ಪಕ್ಕದ ಮನೆಯ ಐರಿಷ್ ಅಜ್ಜಿಗೆ ಅದು ಬ್ರೀದ್‌ಳ ಅಕ್ಕನ ಹೆಸರು. ಇಬ್ಬರು ಹೇಳುವುದೂ ಸರಿಯೇ.